ವಿಮಲನಾಥನ ಚಿತ್ರದಲ್ಲಿ ಸಂಜೆ ಇಲ್ಲ

ಹಳೇಬೀಡಿನಲ್ಲಿ ಕ್ಯಾಮೆರಾ ಇಟ್ಟುಕೊಂಡವನು ಗುಡಿಯ ಶಿಲ್ಪ ತೆಗೆಯದಿದ್ದರೆ ಅವನಿಗೆ ತಲೆ ಕೆಟ್ಟಿದೆ ಎಂದೇ ಅರ್ಥ. ಮದುವೆ ಫೋಟೊ ತೆಗೆದು ಬದುಕುತ್ತಿದ್ದ ವಿಮಲನಾಥ ಎಪ್ಪತ್ತೆಂಟನೇ ಇಸವಿಯಿಂದ ನಾಲ್ಕು ವರ್ಷ ಸಿನಿಮಾ ತೆಗೆದ. ಅದರಲ್ಲಿ ಇದ್ದದ್ದು ಬಾಣಾವರದ ಹತ್ತಿರದ ಒಂದು ಬೋಳು ದಿಣ್ಣೆ, ಕೆಳಗೆ ರಾಗಿ ಹೊಲ, ತೆಂಗಿನ ಸಾಲು. ಅಷ್ಟೆ.

"ಹೀರೋಯಿನ್ ಯಾವಾಗ ಬತ್ತಾಳೆ?" ಎಂದು ಹೊಲದ ಲಕ್ಕಪ್ಪ ಕೇಳುತ್ತಿದ್ದ.

"ಬರಲ್ಲ ಕಣೋ."

"ನಮ್ಮ ಎಮ್ಮೆನಾದ್ರೂ ನಿಲ್ಲಿಸ್ಲಾ? ಸುಮ್ಕೆ ನಿಂತೈತೆ."

ವಿಮಲನಾಥನ ಅಪ್ಪ ಕೊಬ್ಬರಿ ವ್ಯಾಪಾರಿ. ಬಾಣಾವರದ ಸಂತೆ ಮುಗಿಸಿ, ಮಗನನ್ನು ಆ ದಿಣ್ಣೆಯ ಮೇಲೆ ಕೂರಿಸಿಕೊಂಡು, ಹೊತ್ತಿರುವಾಗಲೇ ಬುತ್ತಿ ತಿಂದು, ಕತ್ತಲಾಗುವುದನ್ನು ನೋಡುತ್ತಿದ್ದರು. ಅವರು ತೀರಿಹೋದ ಮೇಲೆ ಮಗನಿಗೆ ಬೇಕಾಗಿದ್ದದ್ದು ಆ ಒಂದು ಮುಸ್ಸಂಜೆ. ಇಡೀ ಚಿತ್ರ ಅದಕ್ಕಾಗಿಯೇ.

ಅದೊಂದೇ ಸಿಗಲಿಲ್ಲ. ಜೈನರ ಮನೆ, ಹೊತ್ತು ಮುಳುಗಿದರೆ ಊಟವಿಲ್ಲ. ತಾಯಿ ಧರ್ಮಾವತಿ ಗಂಡ ಹೋದಾಗಿನಿಂದ ಮಗ ಕಣ್ಣೆದುರು ಉಂಡ ಮೇಲೆಯೇ ಉಣ್ಣುವವರು. ದಿಣ್ಣೆಯ ಮೇಲೆ ಸಂಜೆ ಕಾದರೆ ಇಲ್ಲಿ ಅವರು ಬೆಳಗಿನ ತನಕ ಉಪವಾಸ. ಹಾಗಾಗಿ ಬೆಳಕು ಚಿನ್ನದಂತಾಗುವ ಹೊತ್ತಿಗೆ ಸರಿಯಾಗಿ ವಿಮಲನಾಥ ಕ್ಯಾಮೆರಾ ಕಟ್ಟಿ ಬಸ್ಸಿಗೆ ಓಡುತ್ತಿದ್ದ.

"ಹೋಟೆಲಲ್ಲಿ ಉಣ್ತೀನಿ, ನೀನು ಉಂಡುಬಿಡಮ್ಮ."

"ನೀನು ಉಂಡದ್ದು ನಂಗೆ ಇಲ್ಲಿಂದ ಕಾಣುತ್ತಾ?"

ಕೊನೆಗೆ ಒಂದು ದಿನ ಅವರೇ ಹೇಳಿದರು: "ಇವತ್ತು ಇದ್ದು ತೆಕ್ಕೊಂಡು ಬಾ. ರತ್ನಪ್ರಭಾ ಮನೇಲಿ ನೋಂಪಿ ವ್ರತದ ಊಟ. ಅಲ್ಲೇ ಉಣ್ತೀನಿ."

ಮುಸ್ಸಂಜೆ ಸಿಕ್ಕಿತು. ಬೆಳಗ್ಗೆ ಮೊದಲ ಬಸ್ಸಿಗೆ ಬಂದವನು ಪಕ್ಕದ ಮನೆಯ ರತ್ನಪ್ರಭಾರನ್ನು, "ನೋಂಪಿ ಚೆನ್ನಾಗಾಯ್ತಾ?" ಎಂದು ಕೇಳಿದ.

"ಯಾವ ನೋಂಪಿ? ನಿಮ್ಮಮ್ಮ ನಿನ್ನೆ ಹೊತ್ತು ಮುಳುಗೋ ತನಕ ಬಾಗಿಲಲ್ಲೇ ಕೂತಿದ್ರು ಕಣಪ್ಪ."

ಆ ರೀಲನ್ನು ಚಿತ್ರಕ್ಕೆ ಸೇರಿಸಲಿಲ್ಲ.

ಬೆಂಗಳೂರಿನ ಒಂದು ಚಿತ್ರಸಮಾಜದವರು ಚಿತ್ರ ನೋಡಿ ಬೆರಗಾದರು. ಪ್ರತಿ ಸಲವೂ ಸೂರ್ಯ ಇಳಿಯುವ ಮುನ್ನ ದೃಶ್ಯ ಮುಗಿಯುತ್ತದಲ್ಲ, ಅದು ಸಾವಿನ ನಿರಾಕರಣೆಯಂತೆ. ವಿಮಲನಾಥ ಎದ್ದು ನಿಂತು, "ಅಮ್ಮನ ಊಟದ ಹೊತ್ತು, ಅದಕ್ಕೆ," ಎಂದ. ಸಭೆ ನಕ್ಕಿತು. ಗಡ್ಡದವರೊಬ್ಬರು ಕೇಳಿದರು: "ಇಲ್ಲಿ ಅಮ್ಮ ಅಂದರೆ ಭೂಮಿ, ಅಲ್ಲವೇ?"

"ಅಲ್ಲ ಸಾರ್. ಧರ್ಮಾವತಿ ಅಂತ. ಬಸದಿ ಬೀದೀಲಿದ್ದಾರೆ."

ಇದನ್ನೂ ವಿನಯ ಎಂದು ಬರೆದುಕೊಂಡರು. ಹಸಿವು ಪರದೆಯ ಮೇಲೆ ಬಂದರೆ ಕಣ್ಣೀರು ಹಾಕುವ ಮಂದಿ ಇವರು. ಹಸಿದವರ ಹೆಸರು, ಬೀದಿ ಹೇಳಿದರೆ ಅದು ಇವರಿಗೆ ರೂಪಕ. ಅವನ ಜೊತೆ ಹೋಗಿದ್ದ ನನಗೆ ಮೈ ಉರಿಯಿತು. ಅವನಿಗೆ ಉರಿಯಲಿಲ್ಲ. ಬಸ್ಸು ಎಷ್ಟು ಹೊತ್ತಿಗೆ ಎಂದು ಕೇಳುತ್ತಿದ್ದ.

ಒಂದು ಮಧ್ಯಾಹ್ನ ಕಿಟಕಿಗೆ ಕಂಬಳಿ ಕಟ್ಟಿ ಆ ಮುಸ್ಸಂಜೆಯ ರೀಲನ್ನು ತಾಯಿಗೆ ತೋರಿಸಿದ. ಹೊಲ ಕಪ್ಪಾಯಿತು, ತೆಂಗು ಕಪ್ಪಾಯಿತು, ಕೊನೆಗೆ ದಿಣ್ಣೆಯೂ.

"ಇಷ್ಟು ಚೆನ್ನಾಗಿರೋದನ್ನ ಯಾಕೋ ಬಿಟ್ಟೆ?"

"ಅವತ್ತು ನೀನು ಉಂಡಿರಲಿಲ್ಲ."

"ಉಂಡಿದ್ದೆ ಕಣೋ."

"ಏನು ಅಡಿಗೆ ಮಾಡಿದ್ರು?"

ಧರ್ಮಾವತಿ ಪರದೆಯನ್ನೇ ನೋಡುತ್ತಿದ್ದರು. "ನಿಮ್ಮಪ್ಪ ಇಷ್ಟು ಹೊತ್ತು ಅಲ್ಲೇ ಕೂರ್ತಿದ್ರಾ?" ಎಂದರು. ಆಮೇಲೆ ಗಾಬರಿಯಿಂದ ಎದ್ದರು. "ಕಂಬಳಿ ತೆಗಿ ಮೊದಲು. ಹೊತ್ತೆಷ್ಟಾಯ್ತೋ ಏನೋ, ನೀನಿನ್ನೂ ಉಂಡಿಲ್ಲ."