ಮೂಗೆತ್ತಿ ನಿಂತ ವಿಮಾನ

ಈ ಶನಿವಾರ ಬೆಳಿಗ್ಗೆ ಮ್ಯೂನಿಕ್ಕಿನ ನಮ್ಮ ಅಪಾರ್ಟ್‌ಮೆಂಟಿನ ಹಿಂದೆ ಹಳೆಯ ಕಾರ್ಪೆಟ್ಟೊಂದನ್ನು ಕಂಬಿಗೆ ಹಾಕಿ ಬಡಿಯುತ್ತಿದ್ದೆ. ಭಾನುವಾರ ಇಲ್ಲಿ ಸದ್ದು ಮಾಡುವಂತಿಲ್ಲ; ಬಡಿದರೆ ಕೆಳಮನೆಯವರು ನನ್ನನ್ನೇ ಬಡಿದಾರು. ಹಳೆಯ ಉಣ್ಣೆಯ ಧೂಳು ಮೂಗಿಗೆ ಅಡರಿದ್ದೇ ತಡ, ಕಾಂಕಾರ್ಡ್ ವಿಮಾನ ನೆನಪಾಯಿತು. ನಗಬೇಡಿ. ಶಬ್ದವನ್ನೂ ಹಿಂದೆ ಹಾಕಿ ಹಾರುತ್ತಿದ್ದ ಆ ವಿಮಾನದ ಒಳಗೆ ಇದೇ ವಾಸನೆಯಿತ್ತು. ನಾನು ಒಳಗೆ ಕಾಲಿಡುವ ಹೊತ್ತಿಗೆ ಅದು ಹಾರುವುದನ್ನು ಬಿಟ್ಟು ಎಷ್ಟೋ ವರ್ಷಗಳಾಗಿದ್ದವು, ಅದು ಬೇರೆ ಮಾತು.

ಕೆಲವು ವರ್ಷಗಳ ಹಿಂದೆ ನನ್ನ ಹೆಂಡತಿಯ ಬಾಣಂತನಕ್ಕೆಂದು ಹುಬ್ಬಳ್ಳಿಯಿಂದ ಮಾವಶಿ, ಅಂದರೆ ನನ್ನ ತಾಯಿಯ ತಂಗಿ, ಬಂದಿದ್ದಳು. ಬಾಣಂತನ ಮುಗಿಯಿತು, ನವರಾತ್ರಿ ಹತ್ತಿರ ಬಂತು. ಓಣಿಯ ಭಜನಾ ಮಂಡಳಿಯಲ್ಲಿ ಪೇಟಿ, ಅಂದರೆ ಹಾರ್ಮೋನಿಯಂ, ನುಡಿಸುವವಳು ಅವಳೊಬ್ಬಳೇ. ಊರಿಗೆ ಹೋಗಲೇಬೇಕು; ಆದರೆ ಬರುವಾಗ ಮೊದಲ ಸಲ ಹತ್ತಿ ಅಂಜಿದವಳು ಮತ್ತೆ ವಿಮಾನ ಹತ್ತಲೊಲ್ಲಳು.

“ಹಾರೂದಕ್ಕ ಅಂಜಿಕಿಲ್ಲೋ ತಮ್ಮಾ. ಮೊದಲಿಗೆ ಅದು ಮೂಗು ಮ್ಯಾಲ ಮಾಡ್ತದಲ್ಲ, ಆವಾಗ ಜೀವ ಬಾಯಿಗೆ ಬರ್ತದ,” ಎಂದು ಟಿಕೆಟ್ಟಿನ ಮಾತೆತ್ತಿದಾಗಲೆಲ್ಲ ಕಣ್ಣೊರೆಸಿಕೊಳ್ಳುತ್ತಿದ್ದಳು.

ನಾನು ಕಾರು ಕಂಪನಿಯ ಎಂಜಿನಿಯರು. ಸುಮ್ಮನಿರಲು ಆಗುತ್ತದೆಯೇ? ರೆಕ್ಕೆಯ ಚಿತ್ರ ಬರೆದು, ಬಾಣದ ಗುರುತು ಹಾಕಿ, ಗಾಳಿ ವಿಮಾನವನ್ನು ಹೇಗೆ ಎತ್ತುತ್ತದೆಂದು ವಿವರಿಸಿದೆ. ಮಾವಶಿ ಗಮನವಿಟ್ಟು ಕೇಳಿ, “ತಿಳೀತು. ಆದ್ರ ನಾ ಹತ್ತಂಗಿಲ್ಲ,” ಅಂದಳು.

ಮನಸ್ಸು ಹಗುರಾಗಲಿ ಎಂದು ಹೈಡೆಲ್‌ಬರ್ಗ್ ಕಡೆ ಕರೆದೊಯ್ದೆ. ಅಲ್ಲಿಗೆ ಹತ್ತಿರ, ಹೆದ್ದಾರಿಯ ಪಕ್ಕದ ಮ್ಯೂಸಿಯಮ್ಮಿನ ಛಾವಣಿಯ ಮೇಲೆ ಕಾಂಕಾರ್ಡೂ ಅದರ ರಷ್ಯನ್ ಪ್ರತಿಸ್ಪರ್ಧಿಯೂ ಇದೀಗ ನೆಲ ಬಿಟ್ಟಂತೆ ಮೂಗೆತ್ತಿ ನಿಂತಿವೆ. ಗಂಟೆಗೆ ಸಾವಿರಾರು ಕಿಲೋಮೀಟರ್ ಹಾರಿದ ಕಾಂಕಾರ್ಡು ಕೊನೆಗೆ ರೈನ್ ನದಿಯ ಸರಕು ದೋಣಿಯಲ್ಲಿ ಕೂತು, ಆಮೇಲೆ ರಸ್ತೆಯ ಮೇಲೆ ತೆವಳಿಕೊಂಡು ಇಲ್ಲಿಗೆ ಬಂತಂತೆ. ಹಾರದ ವಿಮಾನಕ್ಕೆ ಇಷ್ಟು ಆರೈಕೆ ಶುದ್ಧ ಹುಚ್ಚು ಎಂದೇ ಆಗ ನನ್ನ ಲೆಕ್ಕಾಚಾರ.

“ಇದು ಹಾರಂಗಿಲ್ಲ, ಹೌದಲ್ಲೋ?” ಎಂದು ಮತ್ತೆ ಮತ್ತೆ ಕೇಳಿ ಖಾತ್ರಿ ಮಾಡಿಕೊಂಡೇ ಮಾವಶಿ ಮೆಟ್ಟಿಲು ಹತ್ತಿದಳು. ಬಾಗಿಲಲ್ಲಿ ಚಪ್ಪಲಿ ಬಿಚ್ಚಿ ಬದಿಗಿಟ್ಟಳು.

“ಇದು ಗುಡಿ ಅಲ್ಲ ಮಾವಶಿ.”

“ಇಷ್ಟು ಚಂದ ಇಟ್ಟಾರ. ಮೆಟ್ಟಿಕೊಂಡು ಹ್ಯಾಂಗ ಹೋಗೂದು?”

ನಾಚಿಕೆಯಿಂದಲೇ ನಾನೂ ಬೂಟು ಬಿಚ್ಚಿದೆ. ಹಿಂದೆ ಬರುತ್ತಿದ್ದ ಜರ್ಮನ್ ದಂಪತಿ ಅದನ್ನು ನೋಡಿದರು. ನಿಯಮವೇ ಇರಬೇಕೆಂದು ಬಗೆದು, ಬಗ್ಗಿ ಲೇಸು ಸಡಿಲಿಸಿದರು. ಅವರ ಹಿಂದಿನವರೂ ಬಿಚ್ಚಿದರು. ಸ್ವಲ್ಪ ಹೊತ್ತಿನಲ್ಲಿ ಬೂಟುಗಳ ಸಾಲು ಮೆಟ್ಟಿಲಿಳಿದು ಹೋಗಿತ್ತು.

ವಿಮಾನ ನೋಡಿಕೊಳ್ಳುವ ಬಿಳಿಮೀಸೆಯ ಸ್ವಯಂಸೇವಕರೊಬ್ಬರು ಏದುಸಿರು ಬಿಡುತ್ತ ಬಂದು, ಈ ನಿಯಮ ಮಾಡಿದ್ದು ಯಾರು ಎಂದು ಕೇಳಿದರು. ನಾನು ಹಿಂದೆಮುಂದೆ ನೋಡದೆ ಮಾವಶಿಯತ್ತ ಬೆರಳು ತೋರಿಸಿದೆ. ಅವರು ಅವಳ ಬರಿಗಾಲು ನೋಡಿದರು, ಸವೆದ ಕಾರ್ಪೆಟ್ ನೋಡಿದರು, ಗಟ್ಟಿಯಾಗಿ ನಕ್ಕರು. ಜನರ ಬೂಟುಗಳಿಂದ ಇದನ್ನು ಉಳಿಸುವುದು ಹೇಗೆಂದು ಅವರ ಮೀಟಿಂಗುಗಳಲ್ಲಿ ವಾದ ನಡೆದೇ ಇತ್ತಂತೆ. ಇದು ಯಾರಿಗೂ ಹೊಳೆದಿರಲಿಲ್ಲ. ಖುಷಿಯಾಗಿ, ಸೀಟುಗಳಿಗೆ ಅಡ್ಡ ಕಟ್ಟಿದ್ದ ಹಗ್ಗ ಬಿಚ್ಚಿ, ಮಾವಶಿಗೆ ಸೀಟು ತೋರಿಸಿದರು.

ಅವಳು ಕೂತಳು. ವಿಮಾನ ಓರೆಯಾಗಿ ನಿಂತದ್ದರಿಂದ ಬೆನ್ನು ಹಿಂದಕ್ಕೆ ವಾಲಿತು, ಮೊಣಕಾಲು ಮೇಲೆದ್ದವು. ಅವಳು ಅಂಜುತ್ತಿದ್ದದ್ದು ಸರಿಯಾಗಿ ಈ ಗಳಿಗೆಗೇ. ಕಣ್ಣು ಬಿಗಿಯಾಗಿ ಮುಚ್ಚಿ ನನ್ನ ಕೈ ಹಿಡಿದಳು. ನಿಜದ ವಿಮಾನದಲ್ಲಾದರೆ ಅಂಜಿಕೆ ಮುಗಿಯುವ ಮೊದಲೇ ಆ ಗಳಿಗೆ ದಾಟಿಬಿಡುತ್ತದೆ. ಇಲ್ಲಿ ಅದು ಅವಳಿಗಾಗಿ ಕಾಯುತ್ತ ನಿಂತಿತ್ತು. ಬಹಳ ಹೊತ್ತಿನ ಮೇಲೆ ಒಂದು ಕಣ್ಣು ತೆರೆದಳು. ಕಿಟಕಿಯಾಚೆ ನೋಡಿದಳು. ಸಣ್ಣಗೆ ಭಜನೆಯೊಂದನ್ನು ಗುನುಗಿದಳು. ಆಮೇಲೆ ನನ್ನ ಕೈ ಬಿಟ್ಟಳು.

ಆ ನವರಾತ್ರಿಗೆ ಹುಬ್ಬಳ್ಳಿಯ ಓಣಿಯಲ್ಲಿ ಪೇಟಿ ಕೇಳಿಸಿತು.

ಇಷ್ಟೆಲ್ಲ ನೆನೆಯುತ್ತ ನಿಂತಿರುವಾಗಲೇ ಮಾವಶಿಯ ವಿಡಿಯೊ ಕಾಲ್ ಬಂತು. ಅವಳ ಮನೆಯ ಪಡಸಾಲೆ. ಅಲ್ಲೊಂದು ಬೆಂಚು, ಮುಂದಿನ ಕಾಲುಗಳ ಕೆಳಗೆ ಇಟ್ಟಿಗೆ. ಗೋಡೆಗೆ ವಾಲಿ, ಕಣ್ಣು ಮುಚ್ಚಿ, ಸೆರಗು ಬಿಗಿಹಿಡಿದು ಕೂತ ಇಬ್ಬರು ಹೆಂಗಸರು.

“ಮಂಡಳಿ ವಿಮಾನದಾಗ ಕಾಶಿಗೆ ಹೊಂಟದ. ಇವರಿಬ್ಬರೂ ಬರಂಗಿಲ್ಲ ಅಂತ ಹಟ ಹಿಡದಿದ್ರು,” ಅಂದಳು. “ಜರಾ ತಡಿ, ಪಾರ್ವತಿ ಇನ್ನೂ ಕಣ್ಣು ತಗದಿಲ್ಲ.”

ಹಾರದ ವಿಮಾನಗಳನ್ನು ಕಾಪಾಡುವವರನ್ನು ಹುಚ್ಚರೆನ್ನುವುದನ್ನು ನಾನು ಬಿಟ್ಟಿದ್ದೇನೆ. ಬಡಿಯುವ ಕೋಲು ಕೆಳಗಿಟ್ಟು, ಪಾರ್ವತಿಬಾಯಿ ಕಣ್ಣು ತೆರೆಯುವವರೆಗೂ ಕಾದೆ.