ಗೋಲಿನ ಹಿಂದೆ ನಿಂತ ಬಿಳಿ ಕಾರು

ಶುಕ್ರವಾರ ಅಂದರೆ ಇಡೀ ದಿನ ರಜೆ ಇದ್ದ ಕಾಲ ಅದು. ಈಗ ಅಬುಧಾಬಿಯಲ್ಲಿ ಬೆಳೆಯುತ್ತಿರುವ ಮಕ್ಕಳಿಗೆ ಹೇಳಿದರೆ ನಂಬಲಿಕ್ಕಿಲ್ಲ, ನಮಗೆ ಭಾನುವಾರ ಶಾಲೆ ಇರುತ್ತಿತ್ತು. ಶುಕ್ರವಾರ ಬೆಳಿಗ್ಗೆ ಎದ್ದರೆ ಖಲೀಫಾ ಸಿಟಿಯ ನಮ್ಮ ಮನೆಯಲ್ಲಿ ನೀರುದೋಸೆಯ ಪರಿಮಳ. ಮನೆ ಅಂದರೆ ದೊಡ್ಡದು ಅಂತ ತಿಳಿಯಬೇಡಿ. ಒಂದು ವಿಲ್ಲಾವನ್ನು ಹಲಸಿನ ಹಣ್ಣಿನ ಹಾಗೆ ಸೀಳಿ ಐದಾರು ಸಂಸಾರಗಳಿಗೆ ಬಾಡಿಗೆಗೆ ಕೊಟ್ಟಿದ್ದರು, ನಮ್ಮ ಪಾಲಿಗೆ ಬಂದದ್ದು ಹಿಂಬದಿಯ ಒಂದೂವರೆ ಕೋಣೆ. ಪುತ್ತೂರಿಗೆ ಫೋನ್ ಮಾಡುವಾಗ ಮಾತ್ರ ಅಮ್ಮ "ನಾವು ಈಗ ವಿಲ್ಲಾದಲ್ಲಿರುವುದು" ಅನ್ನುತ್ತಿದ್ದಳು.

ನಾನು ಐದನೇ ಕ್ಲಾಸಿನಲ್ಲಿದ್ದಾಗ ಅಪ್ಪನಿಗೆ ಡ್ರೈವಿಂಗ್ ಲೈಸೆನ್ಸ್ ಸಿಕ್ಕಿತು. ಇಲ್ಲಿ ಲೈಸೆನ್ಸ್ ಸಿಗುವುದು ಎಂಥ ತಪಸ್ಸು ಅಂತ ಗಲ್ಫಿನಲ್ಲಿದ್ದವರಿಗೆ ಗೊತ್ತು. ಫೇಲಾಗಿ ಫೇಲಾಗಿ, ಕೊನೆಗೆ ಪಾಸಾದ ವಾರವೇ ಅಪ್ಪ ಒಂದು ಸೆಕೆಂಡ್ ಹ್ಯಾಂಡ್ ಬಿಳಿ ಕಾರು ತಂದ. ಅದರ ಸೀಟಿನ ಪ್ಲಾಸ್ಟಿಕ್ ತೆಗೆಯಲು ಯಾರಿಗೂ ಅಪ್ಪಣೆ ಇರಲಿಲ್ಲ. ಸೆಕೆಗೆ ತೊಡೆ ಅಂಟಿಕೊಂಡು, ಇಳಿಯುವಾಗ ಚರ್ ಅಂತ ಚರ್ಮ ಕಿತ್ತು ಬಂದ ಹಾಗಾಗುತ್ತಿತ್ತು. ಮರುಭೂಮಿಯ ನಡುವೆ ನಿಂತು ದಿನಕ್ಕೆರಡು ಸಲ ಕಾರಿನ ಧೂಳು ಒರೆಸುವ ಮನುಷ್ಯನನ್ನು ನಾನು ನೋಡಿದ್ದು ಅಪ್ಪ ಒಬ್ಬನನ್ನೇ.

ಎರಡು ಗೇಟಿನಾಚೆ ಯೂಹಾನಿ ಅಂಕಲ್ ಇದ್ದ. ಫಿನ್‌ಲ್ಯಾಂಡಿನ ಎಂಜಿನಿಯರು. ತೆಂಗಿನ ಮರದಷ್ಟು ಎತ್ತರ, ಮಾತು ಮಾತ್ರ ವರ್ಷಕ್ಕೆ ಒಂದು ಹಿಡಿ. ಅವನ ದೇಶದವರೆಲ್ಲ ಸೇರಿ ಇಲ್ಲಿ ಕಟ್ಟಿಕೊಂಡ ಫುಟ್‌ಬಾಲ್ ಕ್ಲಬ್ಬಿಗೆ ಅವನೇ ಕೋಚು, ಅವನೇ ಚೆಂಡು ಹೊರುವವ. ಶುಕ್ರವಾರದ ಲೀಗಿನಲ್ಲಿ ಮೂರು ಡಿವಿಷನ್ನುಗಳು. ಇವರದ್ದು ಮೂರನೆಯದು, ಅದರಲ್ಲೂ ಕೊನೆಯ ಜಾಗ. ಹನ್ನೊಂದು ಜನ ಆಗುವಷ್ಟು ಫಿನ್‌ಲ್ಯಾಂಡಿನವರು ಯಾವತ್ತೂ ಬರುತ್ತಿರಲಿಲ್ಲ. ಹಾಗಾಗಿ ಮೂಲೆಯ ಮೆಡಿಕಲ್ ಶಾಪಿನ ಈಜಿಪ್ಟಿನವ ಹುಸ್ಸಾಮ್ ಅಂಕಲ್‌ನಿಂದ ಹಿಡಿದು ಸಿಕ್ಕಸಿಕ್ಕವರೆಲ್ಲ ಆ ನೀಲಿ ಬಿಳಿ ಅಂಗಿ ತೊಟ್ಟು ಫಿನ್ನರಾಗಿದ್ದರು.

ಅಪ್ಪ ಫಿನ್ನನಾದದ್ದು ಬಂಗುಡೆ ಮೀನು ತಂದ ದಿನ. ಬೀದಿ ಹುಡುಗರು ಒದ್ದ ಚೆಂಡು ನೇರ ನಮ್ಮ ಕಾರಿನ ಎದುರಿನ ಗ್ಲಾಸಿಗೆ ಹಾರಿತು. ಒಂದು ಕೈಯಲ್ಲಿ ಮೀನಿನ ಚೀಲ ಹಿಡಿದಿದ್ದ ಅಪ್ಪ "ಅಯ್ಯಯ್ಯೋ!" ಅಂತ ಜಿಗಿದು, ಇನ್ನೊಂದು ಕೈಯಲ್ಲಿ ಅದನ್ನು ಹಿಡಿದೇಬಿಟ್ಟ. ಯೂಹಾನಿ ಅಂಕಲ್ ಗೇಟಿನಲ್ಲಿ ನಿಂತು ನೋಡುತ್ತಿದ್ದ.

"ಯೂ. ಗೋಲ್‌ಕೀಪರ್. ಫ್ರೈಡೇ," ಅಂದ. ಒಳಗೆ ಹೋದ.

ಅಪ್ಪ ಮೀನಿನ ಚೀಲ ಕೆಳಗಿಡುವುದನ್ನೂ ಮರೆತು ನಿಂತಿದ್ದ. "ನನ್ನನ್ನು ಕರೆದ ಮಾರಾಯ್ತಿ," ಅಂತ ರಾತ್ರಿಯವರೆಗೆ ಅಮ್ಮನಿಗೆ ಹೇಳಿದ್ದೇ ಹೇಳಿದ್ದು. ಶಾಲೆಯಲ್ಲಿದ್ದಾಗ ಕಬಡ್ಡಿಗೆ ಅವನನ್ನು ಯಾರೂ ಸೇರಿಸಿಕೊಳ್ಳುತ್ತಿರಲಿಲ್ಲವಂತೆ. ಆಡುವವರ ಅಂಗಿ ಕಾಯುವುದು ಅವನ ಕೆಲಸ. ಜೀವಮಾನದಲ್ಲಿ ಮೊದಲ ಸಲ ಒಬ್ಬರು ಬೆರಳು ತೋರಿಸಿ ಆರಿಸಿದ್ದರು.

ಆದರೆ ಗೋಲಿನಲ್ಲಿ ನಿಂತ ಅಪ್ಪನೇ ಬೇರೆ. ಚೆಂಡು ಬಂದರೆ ಬಸ್ಸಿಗೆ ದಾರಿ ಬಿಡುವ ಹಾಗೆ ಮರ್ಯಾದೆಯಿಂದ ಬದಿಗೆ ಸರಿಯುತ್ತಿದ್ದ. ಆ ಮರಳು ಮೈದಾನದ ಗೋಲಿಗೆ ಬಲೆಯೂ ಇರಲಿಲ್ಲ. ಕಂಬದ ನಡುವೆ ನುಗ್ಗಿದ ಚೆಂಡು ರಸ್ತೆ ಮುಟ್ಟುತ್ತಿತ್ತು, ಅಪ್ಪ ಹಿಂದೆಯೇ ಓಡುತ್ತಿದ್ದ. "ಗಾಳಿ ಉಂಟಲ್ಲ, ತಿರುಗಿಬಿಟ್ಟಿತು," ಅನ್ನುತ್ತಿದ್ದ. ಒಂದು ಎಲೆಯೂ ಅಲುಗುತ್ತಿರಲಿಲ್ಲ. ಎಲೆಯೇ ಇರಲಿಲ್ಲ ಅನ್ನಿ!

ಎಷ್ಟು ಗೋಲು ಬಿಟ್ಟರೂ ಯೂಹಾನಿ ಅಂಕಲ್ ತುಟಿ ಬಿಚ್ಚುತ್ತಿರಲಿಲ್ಲ. ನಮ್ಮ ಕಡೆ ಸಿಟ್ಟು ಬಂದರೆ ಬೈದು ಮುಗಿಸುತ್ತಾರೆ. ಮಾತು ಬಿಟ್ಟರೆ ಮಾತ್ರ ಹೆದರಬೇಕು. "ಅವನ ಮುಖ ನೋಡಿದಿರಾ? ನಿಮ್ಮನ್ನು ತೆಗೆದುಹಾಕುತ್ತಾನೆ, ನೋಡಿ," ಅಂದ ಅಮ್ಮ ಮರುವಾರ ದೊಡ್ಡ ಸ್ಟೀಲ್ ಡಬ್ಬಿ ತುಂಬ ಗೋಳಿಬಜೆ ಕಳಿಸಿದಳು. ಮರುದಿನ ಡಬ್ಬಿ ವಾಪಸ್ ಬಂತು. ಫಳಫಳ ತೊಳೆದಿತ್ತು. ಅಮ್ಮ ಮುಚ್ಚಳ ತೆಗೆದು ಕುಸಿದು ಕೂತಳು.

"ಖಾಲಿ!"

ನಮ್ಮಲ್ಲಿ ನೆರೆಮನೆಯ ಪಾತ್ರೆಯನ್ನು ಖಾಲಿ ಕೊಡುವುದುಂಟೇ? ಏನೂ ಇಲ್ಲದಿದ್ದರೆ ಒಂದು ತುಂಡು ಬೆಲ್ಲವಾದರೂ ಹಾಕಬೇಕು. "ಇಷ್ಟು ತಿಕ್ಕಿ ಖಾಲಿ ಕೊಟ್ಟಿದ್ದಾನೆ ಅಂದರೆ ನಮ್ಮ ಸಹವಾಸವೇ ಬೇಡ ಅಂತ ಅರ್ಥ," ಅಂದಳು. ಅದಕ್ಕೇ ಮುಂದಿನ ವಾರ ಕೋಳಿ ಸುಕ್ಕ ಹೋಯಿತು. ಖಾಲಿ ಬಂತು. ಪತ್ರೊಡೆ ಹೋಯಿತು. ಖಾಲಿ ಬಂತು. ಬಾಳೆಹಣ್ಣಿನ ಹಲ್ವ ಹೋದ ವಾರ ಆಟಗಾರರು ಮಧ್ಯಂತರದಲ್ಲಿ ಅದನ್ನು ತಿಂದು, ಆಮೇಲೆ ಓಡಲಾರದೆ ಹೊಟ್ಟೆ ಹಿಡಿದು ನಿಂತರು. ಎದುರು ತಂಡ ಆರು ಗೋಲು ಹೊಡೆಯಿತು.

ಸೀಸನ್ನಿನ ಕೊನೆಯ ಪಂದ್ಯ ಬಂತು. ಸೋತರೆ ಕ್ಲಬ್ಬು ಲೀಗಿನಿಂದಲೇ ಹೊರಗೆ, ಮೂರನೇ ಡಿವಿಷನ್ನಿನ ಕೆಳಗೆ ಬೀಳಲು ಜಾಗವಿರಲಿಲ್ಲ. ಸಮವಾದರೆ ಉಳಿಯುತ್ತಿತ್ತು. ಅದೇ ವಾರ ಫಿನ್‌ಲ್ಯಾಂಡಿನಿಂದ ಒಬ್ಬ ಹೊಸ ಹುಡುಗ ಬಂದಿಳಿದಿದ್ದ. ಅವನ ಹತ್ತಿರ ಸ್ವಂತ ಗ್ಲೌಸ್ ಇತ್ತು.

"ನಾಳೆ ನನ್ನನ್ನು ಆಡಿಸುವುದಿಲ್ಲ ಮಗಾ," ಅಂದ ಅಪ್ಪ, ಊಟದ ತಟ್ಟೆ ನೋಡುತ್ತಾ. "ಪರವಾಗಿಲ್ಲ. ಚೆಂಡು ಹೆಕ್ಕಿ ಕೊಡಲಿಕ್ಕೂ ಜನ ಬೇಕಲ್ಲ."

ಮರುದಿನ ಸಂಜೆ ಯೂಹಾನಿ ಅಂಕಲ್ ಹೊಸ ಹುಡುಗನನ್ನು ನೋಡಿದ. ಅಪ್ಪನನ್ನು ನೋಡಿದ. ಆಮೇಲೆ ಅಪ್ಪನ ಮುಂದೆ ಕೈ ಚಾಚಿದ. "ಕಾರ್ ಕೀ."

ಅಪ್ಪನ ಮುಖ ಇಷ್ಟೇ ಆಯಿತು. ಕಾರನ್ನಾದರೂ ಉಪಯೋಗಿಸಿಕೊಳ್ಳಲಿ ಅಂತ ಕೊಟ್ಟ. ಯೂಹಾನಿ ಅಂಕಲ್ ಮೊಣಕಾಲು ಗದ್ದಕ್ಕೆ ತಾಗಿಸಿಕೊಂಡು ಕೂತು, ನಮ್ಮ ಕಾರನ್ನು ಮೈದಾನದಾಚೆಯಿಂದ ತಂದು, ಗೆರೆಯ ಹೊರಗೆ, ಗೋಲಿನ ಸರಿಯಾಗಿ ಹಿಂದೆ ನಿಲ್ಲಿಸಿದ. ಎದುರಿನ ಗ್ಲಾಸು ಆಟದ ಕಡೆಗೆ. ಇಳಿದು ಬಂದು, ಕ್ಲಬ್ಬಿನ ಹಳೆ ಗ್ಲೌಸನ್ನು ಅಪ್ಪನ ಕೈಗಿಟ್ಟ.

ಆಮೇಲೆ ನೋಡಬೇಕಿತ್ತು ನೀವು! ಅಪ್ಪ ಎಡಕ್ಕೆ ಹಾರಿದ, ಬಲಕ್ಕೆ ಬಿದ್ದ, ಹೆಡ್‌ಲೈಟಿನ ಕಡೆ ಬಂದದ್ದನ್ನು ಕಾಲಲ್ಲಿ ಒದ್ದ. ಗೋಲಿಗೆ ಸಂಬಂಧವೇ ಇಲ್ಲದೆ ಬದಿಯ ಕನ್ನಡಿಯ ಕಡೆ ಹೊರಟ ಚೆಂಡಿಗೂ ಹಾರಿ, ಸುಮ್ಮನೆ ಎದುರಾಳಿಗೆ ಕಾರ್ನರ್ ಕೊಟ್ಟ. "ಗ್ಲಾಸು! ಗ್ಲಾಸು ನೋಡಿ!" ಅಂತ ಅಮ್ಮ ಕಿರುಚುತ್ತಿದ್ದಳು. ಮಧ್ಯಂತರದಲ್ಲಿ ತಂಡಗಳು ಬದಿ ಬದಲಿಸಿದಾಗ ಯೂಹಾನಿ ಅಂಕಲ್ ಕಾರನ್ನೂ ಬದಲಿಸಿದ.

ಕೊನೆಗೆ ಅವರಿಗೊಂದು ಪೆನಾಲ್ಟಿ ಸಿಕ್ಕಿತು. ಅಪ್ಪ ಒಮ್ಮೆ ಹಿಂತಿರುಗಿ ಕಾರು ನೋಡಿದ. ಚೆಂಡು ಬಂತು, ಅಪ್ಪ ಮುಖವನ್ನೇ ಕೊಟ್ಟ. ಚೆಂಡು ಹೊರಗೆ ಹೋಯಿತು, ಮೂಗಿನಿಂದ ರಕ್ತ ಬಂತು. ಆಟ ಸಮವಾಗಿ ಮುಗಿಯಿತು, ಕ್ಲಬ್ಬು ಉಳಿಯಿತು. ಶಿಳ್ಳೆ ಊದಿದ್ದೇ ಎಲ್ಲರೂ ಅಪ್ಪನ ಕಡೆ ಓಡಿದರೆ, ಅಪ್ಪ ಕಾರಿನ ಕಡೆ ಓಡಿದ. ಬಾನೆಟ್ಟು ಸವರಿ, ಎಲ್ಲ ಸರಿ ಇದೆ ಅಂತ ಖಾತ್ರಿಯಾದ ಮೇಲೆ ಅಳಲು ಶುರುಮಾಡಿದ.

ಯೂಹಾನಿ ಅಂಕಲ್ ಹತ್ತಿರ ಬಂದ. "ಗುಡ್," ಅಂದ.

ಮರುದಿನ ಡಬ್ಬಿ ಭಾರವಾಗಿ ವಾಪಸ್ ಬಂತು, ತಂದವನು ಯೂಹಾನಿ ಅಂಕಲ್ಲೇ. ಒಳಗೆ ಕಲ್ಲಿನಂಥ ಕಪ್ಪು ಬ್ರೆಡ್ಡು, ಮೇಲೆ ಕಪ್ಪು ಮಿಠಾಯಿ. ಖಾಲಿ ಪಾತ್ರೆ ಕೊಡಬಾರದು, ಈಜಿಪ್ಟಿನಲ್ಲೂ ಹಾಗೇ ಅಂತ ಹುಸ್ಸಾಮ್ ಅಂಕಲ್ ಅವನಿಗೆ ತಿಳಿಹೇಳಿದ್ದನಂತೆ. ಅಮ್ಮ ಒಂದು ಮಿಠಾಯಿ ಬಾಯಿಗೆ ಹಾಕಿಕೊಂಡಳು. ಕಷಾಯಕ್ಕೆ ಉಪ್ಪು ಸುರಿದ ಹಾಗಿತ್ತು ಅದು. ಉಗುಳಲೂ ಆಗದೆ, ನುಂಗಲೂ ಆಗದೆ, ನನ್ನ ಬೆನ್ನು ತಟ್ಟಿ "ಕೇಳು, ಇಷ್ಟು ದಿನ ಯಾಕೆ ಮಾತಾಡಲಿಲ್ಲ ಅಂತ ಕೇಳು," ಅಂದಳು. ನಾನು ಇಂಗ್ಲಿಷಿನಲ್ಲಿ ಕೇಳಿದೆ.

ಯೂಹಾನಿ ಅಂಕಲ್‌ಗೆ ಪ್ರಶ್ನೆಯೇ ವಿಚಿತ್ರ ಅನಿಸಿರಬೇಕು. "ಅವನು ಪ್ರತಿ ಶುಕ್ರವಾರ ಬಂದ," ಅಂದ. "ಮತ್ತೆ ಹೇಳುವುದೇನಿದೆ?"

ಎರಡು ವರ್ಷ ಕಳೆದು ಅವನ ಕೆಲಸ ಮುಗಿಯಿತು, ಊರಿಗೆ ಹೋದ. ಕ್ಲಬ್ಬು ಖಲಾಸ್. ಮೈದಾನದ ಮೇಲೆ ವಿಲ್ಲಾಗಳೆದ್ದವು. ಈಗ ಶುಕ್ರವಾರವೂ ಅರ್ಧ ದಿನ ಆಫೀಸಿದೆ. ನನ್ನ ಆಫೀಸಿನ ಗ್ರೂಪಿನಲ್ಲಿ ಕೆಮ್ಮಿದರೂ ಹತ್ತು ಜನ ಚಪ್ಪಾಳೆಯ ಚಿತ್ರ ಹಾಕುತ್ತಾರೆ. ಊಟ ಬಿಸಾಡುವ ಡಬ್ಬಿಯಲ್ಲಿ ಬರುತ್ತದೆ, ಯಾರಿಗೂ ಏನನ್ನೂ ವಾಪಸ್ ಕೊಡಬೇಕಾಗಿಲ್ಲ.

ಮೊನ್ನೆ ನಾನೂ ಕಾರು ತಗೊಂಡೆ. ಮನೆಯೆದುರು ನಿಲ್ಲಿಸಿದ್ದೆ, ಮಕ್ಕಳು ಆಡುತ್ತಿದ್ದರು. ಅಪ್ಪ ಮಂಡಿನೋವಿನ ಕಾಲೆಳೆದುಕೊಂಡು ಹೋಗಿ ಕಾರಿನ ಮುಂದೆ ಕೈ ಅಗಲಿಸಿ ನಿಂತ. ಚೆಂಡು ಬಂತು. ಅಪ್ಪ ಹಾರಲು ನೋಡಿದ, ಮಂಡಿ ಏಳಲಿಲ್ಲ. ಹೊಸ ಕಾರಿನ ಬಾಗಿಲಿಗೆ ಧಡ್ ಅಂತ ಬಿತ್ತು.

ಅಪ್ಪ ನನ್ನ ಮುಖ ನೋಡಿದ. "ಗಾಳಿ ಉಂಟಲ್ಲ..."

"ಗುಡ್," ಅಂದೆ.

ಅಪ್ಪ ಜೋರಾಗಿ ನಕ್ಕ. ಆಮೇಲೆ ಗೇಟಿಗೆ ಒರಗಿ, ಎರಡು ಮನೆಯಾಚೆ, ಯೂಹಾನಿ ಅಂಕಲ್ ಇದ್ದ ಗೇಟಿನ ಕಡೆ ನೋಡುತ್ತಾ ಬಹಳ ಹೊತ್ತು ನಿಂತಿದ್ದ. ಆವತ್ತು ಶುಕ್ರವಾರ. ಈಗ ಶುಕ್ರವಾರ ಅಪ್ಪನನ್ನು ಯಾರೂ ಕರೆಯುವುದಿಲ್ಲ.