ಪರದೆಯ ಹಿಂದಿನ ‘ಬನ್ನಂಡಿ’

ಟಿವಿಯಲ್ಲಿ ನಗೆ ಧಾರಾವಾಹಿ ಬಂದಾಗಲೆಲ್ಲ ನನ್ನ ಅಂಗೈ ಬೆವರುತ್ತದೆ. ಅಲ್ಲಿ ಜನರ ನಗುವನ್ನು ಮೊದಲೇ ರೆಕಾರ್ಡು ಮಾಡಿ ಹಿಡಿದಿಟ್ಟುಕೊಂಡು, ಬೇಕಾದ ಕಡೆ ಬಿಡುತ್ತಾರಂತೆ. ಎಂಥ ಪುಣ್ಯವಂತರು! ನಮ್ಮ ಕಾಲದಲ್ಲಿ ನಗುವಿಗೆ ಕಾಯಬೇಕಿತ್ತು ಸ್ವಾಮಿ, ಪರದೆಯ ಹಿಂದೆ ಉಸಿರು ಬಿಗಿಹಿಡಿದು.

ಅರವತ್ತರ ದಶಕದ ಶಿಡ್ಲಘಟ್ಟ. ಹೈಸ್ಕೂಲು ಮುಗಿಸಿದ್ದೇ ದೊಡ್ಡ ಅರ್ಹತೆಯಾಗಿ, ಊರಿನ ಹವ್ಯಾಸಿ ನಾಟಕ ತಂಡಕ್ಕೆ ಹಾಸ್ಯದ ದೃಶ್ಯಗಳನ್ನು ನಾನೇ ಬರೆಯುತ್ತಿದ್ದೆ. ಬೆಂಚು ಹೊರಿಸುವುದು, ಪೆಟ್ರೋಮ್ಯಾಕ್ಸಿಗೆ ಗಾಳಿ ಹೊಡೆಯುವುದು, ಮರೆಯಲ್ಲಿ ನಿಂತು ನಟರಿಗೆ ಮಾತು ಪಿಸುಗುಟ್ಟುವುದು, ಎಲ್ಲವೂ ನನ್ನ ತಲೆಗೇ. ಹೆಂಗಸಿನ ಪಾತ್ರ ಮುನಿಶಾಮಿಯದು. ಹಗಲೆಲ್ಲ ಕುದಿಯುವ ನೀರಿನಲ್ಲಿ ರೇಷ್ಮೆಗೂಡಿನಿಂದ ನೂಲು ತೆಗೆಯುವವನು. ಎಷ್ಟು ಪೌಡರು ಬಳಿದರೂ ಸೀರೆಯೊಳಗಿಂದ ಬೆಂದ ಹುಳುವಿನ ವಾಸನೆ ಬರುತ್ತಿತ್ತು. ಜನ ನಗದಿದ್ದರೆ ಒಳಗೆ ಬಂದು ನನ್ನನ್ನು ಬೈಯುತ್ತಿದ್ದ, ನಕ್ಕರೆ ತನ್ನನ್ನು ಹೊಗಳಿಕೊಳ್ಳುತ್ತಿದ್ದ.

ಆ ದಿನಗಳಲ್ಲೇ ಅಣ್ಣನನ್ನು ಮದುವೆಯಾಗಿ ಹಿಂದೂಪುರದಿಂದ ಅತ್ತಿಗೆ ಬಂದರು. ತೆಲುಗು ಬಿಟ್ಟು ಬೇರೆ ಮಾತು ಬಾರದು. ನಮ್ಮಮ್ಮನಿಗಾಗಿ ಕನ್ನಡ ಕಲಿಯತೊಡಗಿದರು. ಆದರೆ ಬರೀ ‘ಬನ್ನಿ’ ಎಂದರೆ ಮರ್ಯಾದೆ ಸಾಲದೆನ್ನಿಸಿ, ಅದಕ್ಕೆ ತೆಲುಗಿನ ‘ಅಂಡಿ’ಯನ್ನೂ ಅಂಟಿಸುವರು: “ಬನ್ನಂಡಿ, ಕೂತ್ಕೊಳ್ಳಂಡಿ, ಕಾಫಿ ಕುಡೀರಂಡಿ.” ಹಾಲಿನವನಿಗೂ ಬನ್ನಂಡಿಯೇ. ನಾನು ಅದನ್ನು ಹಾಗೇ ಎತ್ತಿ ಮುನಿಶಾಮಿಯ ಬಾಯಿಗೆ ಹಾಕಿದೆ. ಅತ್ತಿಗೆ ನಾಟಕಕ್ಕೆ ಬರುವವರಲ್ಲ ಎಂಬ ಧೈರ್ಯ.

ನಾಟಕದ ದಿನ ಪರದೆ ಏಳುವ ಮುಂಚೆ ಸಂದಿಯಿಂದ ಇಣುಕಿದೆ. ಹೆಂಗಸರ ಸಾಲಿನಲ್ಲಿ, ಅಮ್ಮನ ಪಕ್ಕ, ಅತ್ತಿಗೆ! ಓಡಿಹೋಗಿ ಮುನಿಶಾಮಿಯ ಸೆರಗು ಹಿಡಿದೆಳೆದೆ.

“ಮುನಿಶಾಮಿ, ಅಂಡಿ ಬ್ಯಾಡ ಕಣಪ್ಪ. ಬರೀ ಬನ್ನಿ ಅನ್ನು.”

“ಅದನ್ನ ತೆಗೆದ್ರೆ ಇನ್ನೇನಪ್ಪ ಐತೆ ನಿನ್ ಹಾಸ್ಯದಲ್ಲಿ? ನನ್ ಸೀರೆ ಒಂದೇ!”

ಆದರೂ ಒಪ್ಪಿದ. “ಬನ್ನಿ” ಎಂದ, ಯಾರೂ ನಗಲಿಲ್ಲ. “ಕೂತ್ಕೊಳ್ಳಿ” ಎಂದ, ಎಲ್ಲೋ ಒಂದು ಮಗು ಅತ್ತಿತು. ಹಿಂದಿನ ಬೆಂಚಿನವರು ಏಳತೊಡಗಿದರು. ಮುನಿಶಾಮಿ ದಿಕ್ಕು ತೋಚದೆ ನನ್ನ ಕಡೆ ತಿರುಗಿದ. ಆ ಮೌನವನ್ನು ನನ್ನಿಂದ ತಡೆಯಲಾಗಲಿಲ್ಲ. ನಾನೇ ಪಿಸುಗುಟ್ಟಿದೆ: “ಬನ್ನಂಡಿ.”

ಹಂಚು ಹಾರುವಂಥ ನಗು. ನಕ್ಕವರಲ್ಲಿ ಅರ್ಧ ಜನ ಮನೆಯಲ್ಲಿ ತೆಲುಗು ಆಡುವವರೇ. ಅಮ್ಮನೂ ನಗುತ್ತಾ ಸೊಸೆಯ ತೊಡೆ ತಟ್ಟಿದಳು. ಅತ್ತಿಗೆಯ ಮುಖ ನೋಡಲು ನನಗೆ ಧೈರ್ಯವಾಗಲಿಲ್ಲ.

ಮಾರನೆಯ ಬೆಳಿಗ್ಗೆ ಅವರು ಕಾಫಿ ಲೋಟ ಮುಂದಿಟ್ಟು “ತೊಗೊಳ್ಳಿ” ಎಂದರು. ಅಷ್ಟೇ. ಅಂದಿನಿಂದ ಅವರ ಕನ್ನಡದಲ್ಲಿ ತಪ್ಪಿಲ್ಲ, ಮಾತೂ ಹೆಚ್ಚಿಲ್ಲ.

ಅಣ್ಣ ತೀರಿಹೋದ ಮೇಲೂ ನಾವೆಲ್ಲ ಒಂದೇ ಮನೆಯಲ್ಲಿದ್ದೇವೆ. ನಿನ್ನೆ ಟಿವಿಯಲ್ಲಿ ಯಾರೋ ಹೊರಗಿನ ಸೊಸೆಯ ತೊದಲು ಕನ್ನಡಕ್ಕೆ ಆ ಹಿಡಿದಿಟ್ಟ ನಗು ಭೋರ್ಗರೆಯಿತು. ಅತ್ತಿಗೆ ಪಕ್ಕದ ಕುರ್ಚಿಯಲ್ಲಿದ್ದರು. ಟಿವಿ ಆರಿಸಿದೆ. ಅವರ ಕಡೆ ತಿರುಗಿದೆ.

“ಅತ್ತಿಗೆ, ಅವತ್ತು ಮುನಿಶಾಮಿಗೆ ಹೇಳಿಕೊಟ್ಟೋನು ನಾನೇ.”

“ಗೊತ್ತು. ನಿಮ್ಮ ಪಿಸುಮಾತು ಹೆಂಗಸರ ಸಾಲಿಗೂ ಕೇಳಿಸಿತ್ತು.”

ಇಷ್ಟು ವರ್ಷ!

“ಒಂದ್ಸಲ ಮುಂಚಿನ ಹಾಗೆ ಕರೀರಿ ನನ್ನ,” ಎಂದೆ.

ಅತ್ತಿಗೆಯ ತುಟಿ ಆಡಿತು. “ಬನ್ನ…” ಎಂದು ನಿಂತರು. ಮಾತು ಮರೆತ ನಟರು ಮರೆಯತ್ತ ನೋಡುವ ಹಾಗೆ ನನ್ನ ಮುಖ ನೋಡಿದರು.

ಈ ಸಲ ನಾನು ಪಿಸುಗುಟ್ಟಲಿಲ್ಲ. ಕಾಯುತ್ತಾ ಕೂತೆ.